ಒಂದು ಜೊತೆ

ಹೆರ್ಮಿನಿಯಾ ಟೀಚರಿಗೆ ಚೌಕಾಸಿ ಬರುತ್ತಿರಲಿಲ್ಲ.
ಪೊತೊಸಿಯ ಸಂತೆಯಲ್ಲಿ ಆಲೂಗಡ್ಡೆಯವಳು ಹೇಳಿದ್ದೇ ಬೆಲೆ.
ಬೂಟಿನಂಗಡಿಯಲ್ಲಿ ಮಾತ್ರ ಹಟ ಹಿಡಿದು ಕೂತರು,
ಸತುರ್ನಿನೊನನ್ನು ಒಂದು ಮಂಡಿಗೆ, ನನ್ನನ್ನು ಇನ್ನೊಂದಕ್ಕೆ ಒರಗಿಸಿಕೊಂಡು:
"ಒಂದೇ ಜೊತೆ ಸಾಕು. ಮೂವತ್ತಮೂರನೇ ನಂಬರು.
ಬಲದ್ದು ಇವನಿಗೆ, ಎಡದ್ದು ಇವಳಿಗೆ."

ಅಂಗಡಿಯವನು ನಮ್ಮನ್ನು ನೋಡಿದ,
ನಮ್ಮಲ್ಲಿ ಇಲ್ಲದ್ದನ್ನು ನೋಡಿದ,
ತಕ್ಕಡಿಯೇ ಇಲ್ಲದ ಅಂಗಡಿಯಲ್ಲಿ ಏನನ್ನೋ ತೂಗಿ
ಐದು ರೊಕ್ಕ ಬಿಟ್ಟ.

ಊರ ಬೆನ್ನಿಗೆ ನಿಂತ ಬೆಟ್ಟಕ್ಕೆ ಸಿರಿಬೆಟ್ಟವೆಂದು ಹೆಸರು.
ಅದರ ಬೆಳ್ಳಿ ಎಂದೋ ಹಡಗು ಹತ್ತಿ ಹೋಗಿ
ಉಳಿದದ್ದು ತವರ, ದೂಳು, ಮತ್ತು ನಾವು.
ನನ್ನಪ್ಪ ಕೆಮ್ಮಿ ಕೆಮ್ಮಿ ಹೋದ.
ಅವನಪ್ಪ ಗಣಿಯಿಂದ ಹೊರಗೇ ಬರಲಿಲ್ಲ.
ಅಮ್ಮಂದಿರ ಮಾತು ಬೇಡ.
ನನ್ನ ಕಾಲು ಅದಿರಿನ ಗಾಡಿಯಡಿ ಹೋದದ್ದು,
ಅವನದು ಹುಟ್ಟುವಾಗಲೇ ಇರಲಿಲ್ಲ.
ಅದಕ್ಕೇ ನಮ್ಮ ಜಗಳ:
"ನಿನಗೆ ಇತ್ತಲ್ಲ, ಏಳು ವರ್ಷ!"
"ನಿನಗೆ ಇಲ್ಲದ್ದು ನೋಯುವುದಿಲ್ಲವಲ್ಲ!"
ಟೀಚರ್ ತೀರ್ಪು ಕೊಡುತ್ತಿರಲಿಲ್ಲ.
ಇಬ್ಬರ ಮುಂದೆಯೂ ಬಟಾಣಿ ಸುರಿದು, ಸುಲಿಯಿರಿ, ಅನ್ನುತ್ತಿದ್ದರು.

ಹತ್ತೊಂಬತ್ತು ಮಕ್ಕಳು, ಇಬ್ಬರಿಗೊಂದು ಹಾಸಿಗೆ.
ನಾವು ಕಾಲು ಚಾಚಿದರೂ ಜಾಗ ಮಿಕ್ಕುತ್ತಿತ್ತು.
ನಡೆಯಲಾಗದ ಫ್ಲೋರಿಂದಾಳನ್ನು ಪಟ್ಟೆಯ ಕಂಬಳಿಯಲ್ಲಿ
ಬೆನ್ನಿಗೆ ಕಟ್ಟಿಕೊಂಡೇ ಬೋರ್ಡಿನ ಮುಂದೆ ನಿಲ್ಲುತ್ತಿದ್ದರು;
ನಾನು ಕಲಿತ ಅಕ್ಷರವೆಲ್ಲ
ಆ ನಿದ್ದೆಗಣ್ಣಿನ ತಲೆಯ ಮರೆಯಿಂದ ಇಣುಕಿದ್ದು.

ದೇವತೆಯೇನಲ್ಲ ಅವರು.
ಸಕ್ಕರೆ ಡಬ್ಬಕ್ಕೆ ಬೀಗ, ಕೀಲಿ ಸೆರಗಿನೊಳಗೆ.
ತಿಂಗಳ ಕೊನೆಗೆ ಚಿಲ್ಲರೆ ಎಣಿಸುತ್ತ
ಕೆಚುವಾದಲ್ಲಿ ಬೈಯುತ್ತಿದ್ದರು, ಯಾರನ್ನೋ ಗೊತ್ತಿಲ್ಲ,
ಬೆಟ್ಟದ ಕಡೆ ಮುಖ ಮಾಡಿ.

ಸರ್ಕಾರದವನು ವರ್ಷಕ್ಕೊಮ್ಮೆ ಬಂದು ಎಣಿಸುತ್ತಿದ್ದ.
ಅನಾಥರಿಗೆ ಒಂದು ಕಾಲಂ, ಅಂಗವಿಕಲರಿಗೆ ಒಂದು.
ಒಂದೇ ಮಗು ಎರಡೂ ಕಡೆ ಬರುವ ಹಾಗಿಲ್ಲ, ಅಂದ.
"ಅರ್ಧರ್ಧ ಬರೆದುಕೊಳ್ಳಿ," ಅಂದರು ಟೀಚರ್,
"ಸೂಪು ಮಾತ್ರ ಇಡೀ ಹೊಟ್ಟೆಗೆ ಬೇಕು."

ಆ ಚಳಿಗಾಲ ಸತುರ್ನಿನೊ ಬೆಳೆದ.
ಒಂದೇ ಕಾಲು ಅವನಿಗೆ, ಎರಡರ ಬೆಳವಣಿಗೆಯೂ ಅದಕ್ಕೇ ಬಂತೋ ಏನೋ,
ಮೂವತ್ತೈದಾಯಿತು. ನಾನು ಮೂವತ್ತಮೂರರಲ್ಲೇ ನಿಂತೆ.
ಹೆಬ್ಬೆರಳಿಗೆ ಬೊಬ್ಬೆ ಎದ್ದರೂ ಅವನು ಹೇಳಲಿಲ್ಲ,
ನನಗೆ ಹೇಳಿದ; ನಾನೂ ಹೇಳಲಿಲ್ಲ.
ಜೊತೆ ಮುರಿದರೆ ರೊಕ್ಕ ಎಲ್ಲಿಂದ ಬರಬೇಕು?
ಕಾಲ್ಚೀಲದ ರಕ್ತ ಟೀಚರಿಗೆ ಹೇಳಿತು.

ಮರುದಿನ ಕಪಾಟಿನ ಮೇಲೆ ಎರಡು ಜೊತೆ.
ನಾನೊಂದು ಹಾಕಿಕೊಂಡೆ, ಅವನೊಂದು.
ಮಿಕ್ಕವು ಎರಡು:
ಎಡದ್ದು ಮೂವತ್ತೈದು, ಬಲದ್ದು ಮೂವತ್ತಮೂರು,
ಮದುವೆಯ ಮನೆಯಲ್ಲಿ ಪರಿಚಯವಿಲ್ಲದ ನೆಂಟರ ಹಾಗೆ
ಅಕ್ಕಪಕ್ಕ ಕೂತಿದ್ದವು.
ಟೀಚರ ಬೂಟಿನ ಅಡಿ ಎಂದೋ ಹರಿದಿತ್ತು.
ಅದು ನಮಗ್ಯಾರಿಗೂ ಕಂಡಿರಲಿಲ್ಲ;
ಬೋರ್ಡಿನ ಕಡೆ ನೋಡುವವರು ನೆಲ ನೋಡುವುದಿಲ್ಲ.

ಕಣ್ಣು ಕಾಣದ ಫೆಲಿಸಿಯಾನೊ ನಮ್ಮೆಲ್ಲರನ್ನೂ ಹೆಜ್ಜೆಯಲ್ಲೇ ಗುರುತಿಸುತ್ತಿದ್ದ:
ಊರುಗೋಲು ಊರಿದರೆ ನಾನು, ಕುಪ್ಪಳಿಸಿದರೆ ಸತುರ್ನಿನೊ,
ಸರಸರ ಬಂದರೆ ಟೀಚರ್.
ಸೋಮವಾರ ಬೆಳಿಗ್ಗೆ ಸೂಪಿನ ಹೊತ್ತಿಗೆ
ಓಣಿಯ ಹಲಗೆಯ ಮೇಲೆ ಸದ್ದು,
ಒಂದು ಹೆಜ್ಜೆ ಸಡಿಲ, ಒಂದು ಹೆಜ್ಜೆ ಬಿಗಿ,
ಸಡಿಲ, ಬಿಗಿ.

ಫೆಲಿಸಿಯಾನೊ ಚಮಚ ಕೆಳಗಿಟ್ಟ.
"ಯಾರೋ ಹೊಸಬಳು ಬಂದಳು," ಅಂದ,
"ಪಾಪ, ಕಾಲು ಸರಿಯಿಲ್ಲ."

ಬಾಗಿಲಲ್ಲಿ ಟೀಚರ್ ನಿಂತರು.
ನಮ್ಮ ಕಣ್ಣೆಲ್ಲ ಮೊದಲ ಸಲ ನೆಲದ ಮೇಲೆ.
ಯಾರೂ ನಗಲಿಲ್ಲ, ಆಮೇಲೆ ಎಲ್ಲರೂ ನಕ್ಕೆವು,
ಫೆಲಿಸಿಯಾನೊ ಒಬ್ಬನನ್ನು ಬಿಟ್ಟು.
ಅವನು ಬೆಂಚಿನಲ್ಲಿ ಪಕ್ಕಕ್ಕೆ ಸರಿದು
ಗೇಣು ಜಾಗ ಮಾಡಿದ.

ಹೆರ್ಮಿನಿಯಾ ಟೀಚರ್ ಬಂದು ಅಲ್ಲಿ ಕೂತರು.