ಮೇಣದಬತ್ತಿಯ ಅಳತೆ

ನನ್ನ ಕೆಲಸ ನೆನಪಿಡುವುದು.
ಯಾರ ಟೋಪಿ ಯಾವ ಕಿವಿಯತ್ತ ವಾಲಿತ್ತು,
ಮೇಣದಬತ್ತಿ ಎಷ್ಟು ಅಂಗುಲ ಉರಿದಿತ್ತು,
ಹೆದರಿ ಓಡುವಾಗ ಮೊದಲು ಎದ್ದದ್ದು ಎಡಗಾಲೋ ಬಲಗಾಲೋ.
ಕತ್ತಿಗೆ ಸ್ಟಾಪ್‌ವಾಚು, ಮೊಣಕಾಲ ಮೇಲೆ ಟೈಪ್‌ರೈಟರು.
ಲಾಸ್ ಏಂಜಲೀಸು, ಐವತ್ಮೂರರ ಅಕ್ಟೋಬರು,
ಹೊರಗೆ ಟಾರು ಕರಗುವ ಬಿಸಿಲು,
ಒಳಗೆ, ಆರು ದಿನದಲ್ಲಿ ಮುಗಿಯಲೇಬೇಕಾದ ನಡುರಾತ್ರಿ.

ಒಂಬತ್ತನೇ ಕಟ್ಟೆ ಪೋಕರಿಗಳ ಮೂವತ್ತೇಳನೆಯ ಚಿತ್ರ.
ಮನೆ ಹೋದ ತಿಂಗಳು ಕೌಬಾಯ್ ಊರಿನ ಬ್ಯಾಂಕಾಗಿತ್ತು,
ಅದಕ್ಕೂ ಮೊದಲು ಸನ್ಯಾಸಿನಿಯರ ಮಠ;
ಕಿಟಕಿಗೆ ನಾಲ್ಕು ಹಲಗೆ ಬಡಿದರೆ ಭೂತಬಂಗಲೆ.
ಕಾಸಿಗೆ ತಕ್ಕ ಕಜ್ಜಾಯ.
ಆರ್ವಿಲ್ ರಬ್ಬರು ಅಂಟನ್ನು ಫ್ಯಾನಿಗೆ ಸುರಿದು
ಮೂಲೆ ಮೂಲೆಗೆ ಜೇಡರಬಲೆ ನೂಲುತ್ತಾನೆ.
ನಿಜದ ಜೇಡ ನೇಯ್ದದ್ದನ್ನು ಬೆಳಿಗ್ಗೆಯೇ ಗುಡಿಸಿ ಬಿಸಾಡಿದ,
ಅದು ಕ್ಯಾಮರಾಕ್ಕೆ ಕಾಣುವುದಿಲ್ಲವಂತೆ.
ಸಾಲದ್ದಕ್ಕೆ, ಹೆದರಿದವರ ಮೇಲೆ ಕಪ್ಪೆ ಎಸೆದಂತೆ,
ದಿನಬಾಡಿಗೆಗೆ ಒಂದು ಗೊರಿಲ್ಲಾ.
ಊಟದ ಹೊತ್ತಿಗೆ ತಲೆ ಕಳಚಿ ಪಕ್ಕದಲ್ಲಿಟ್ಟುಕೊಂಡು
ಸೇಬು ಕಚ್ಚುತ್ತದೆ.

ಹುಡುಗರು.
ಹಾಗೆಂದೇ ಕರೆಯಬೇಕು, ಕರಾರಿನಲ್ಲಿದೆ.
ಹರ್ಷೆಲ್‌ಗೆ ನಲವತ್ತೊಂದು, ಬಾಯಿತುಂಬ ಕಟ್ಟಿಸಿದ ಹಲ್ಲು;
ಭೂತ ಕಂಡು ಕಟಕಟಿಸುವ ಕ್ಲೋಸಪ್ಪಿಗೆ ಈಗ ಅವನೇ ಬೇಕಿಲ್ಲ,
ಸೆಟ್ಟು ಕಳಿಸಿದರೂ ಆದೀತು.
ಮಿಲೋ ಮೂರು ಹೆಣ್ಣುಮಕ್ಕಳ ತಂದೆ.
'ಅಮ್ಮಾ' ಎಂದು ಕಿರುಚಿ ಗಡಿಯಾರದ ಪೆಟ್ಟಿಗೆಯೊಳಗೆ ನುಗ್ಗಬೇಕು,
ಬಡಗಿ ಪ್ರತಿ ವರ್ಷ ಪೆಟ್ಟಿಗೆಯನ್ನು ಅಗಲಿಸುತ್ತಾನೆ.
ನನ್ನ ಪುಸ್ತಕದಲ್ಲಿ ಲೆಕ್ಕವಿದೆ: ಒಟ್ಟು ಏಳೂವರೆ ಅಂಗುಲ.
ಎಮರಿ ಮಾತಾಡುವುದಿಲ್ಲ, ಅವನಿಗೆ ಕಿವಿ ಮಂದ,
ಗುಡುಗಿನ ತಗಡು ಅಲ್ಲಾಡಿದ್ದು ನೋಡಿ ಬೆಚ್ಚುತ್ತಾನೆ.

ಇನ್ನೊಬ್ಬನಿದ್ದ, ಥಡಿಯಸ್,
ಬಾಗಿಲ ತೊಲೆಗೆ ತಲೆ ತಾಗುವಷ್ಟು ಉದ್ದ.
ಹದಿನಾರು ವರ್ಷ ಸಾಲಿನಲ್ಲಿ ಕೊನೆಯವನು.
ಎಲ್ಲರೂ ಒಳಗೆ ಬಂದಮೇಲೆ ಬಾಗಿಲು ಅವನ ಕೋಟಿನ ತುದಿ ಕಚ್ಚಬೇಕು,
ಅವನು 'ನಂಗೂ ಕಾಯ್ರೋ' ಅನ್ನಬೇಕು.
ಅಷ್ಟೇ ಅವನ ಪಾತ್ರ, ಅಷ್ಟಕ್ಕೇ ಥಿಯೇಟರು ಬಿದ್ದುಬಿದ್ದು ನಗುತ್ತಿತ್ತು.
ಏಪ್ರಿಲ್‌ನಲ್ಲಿ ಬಾಡಿಗೆ ಕೋಣೆಯ ಮಾಲೀಕಳು ಫೋನು ಮಾಡಿದಳು.
ಕತೆಗಾರ ಹೊಸತೇನೂ ಬರೆಯಲಿಲ್ಲ,
'ನಾಲ್ವರು' ಎಂದಿದ್ದಲ್ಲೆಲ್ಲ ಹೊಡೆದು 'ಮೂವರು' ಮಾಡಿದ.
ಒಂದು ಕಡೆ ಮರೆತಿದ್ದ. ನಾನು ತಿದ್ದಿದೆ.

ನಾಲ್ಕನೆಯ ದಿನ, ಅರವತ್ತೆರಡನೆಯ ದೃಶ್ಯ.
ಮೂವರೂ ಒಬ್ಬರ ಬೆನ್ನಿಗೊಬ್ಬರು ಅಂಟಿ ಒಳಬಂದರು.
ಬಂದವರು ನಿಂತರು.
ಮಿಲೋ ಬಾಗಿಲನ್ನು ಹಿಡಿದೇ ಇದ್ದ,
ಹರ್ಷೆಲ್ ಬತ್ತಿಯನ್ನು ಕೊಂಚ ಮೇಲೆತ್ತಿದ,
ಉದ್ದನೆಯವನೊಬ್ಬ ತಲೆ ತಗ್ಗಿಸಿ ದಾಟುವಷ್ಟು ಹೊತ್ತು.
ಆಮೇಲೆ ಬಾಗಿಲು ಬಿಟ್ಟರು.
ನನ್ನ ಗಡಿಯಾರದಲ್ಲಿ ನಾಲ್ಕು ಸೆಕೆಂಡು.

'ಯಾವ ಬಸ್ಸಿಗೆ ಕಾಯ್ತಿದ್ರಿ?' ಎಂದು ಕೂಗಿದ ಲಿಂಡ್‌ಕ್ವಿಸ್ಟ್.
ಯಾರೂ ಯಾರ ಮುಖವನ್ನೂ ನೋಡಲಿಲ್ಲ.
ಎಮರಿ ಮಾತ್ರ, ಏನೂ ಕೇಳಿಸದವನು,
'ಸಾರಿ' ಅಂದ.
ಇನ್ನೊಂದು ಟೇಕಿಗೆ ಫಿಲ್ಮಿರಲಿಲ್ಲ.
'ಇರಲಿ, ಮುಂದೆ' ಎಂದ ಲಿಂಡ್‌ಕ್ವಿಸ್ಟ್.
ನಾನು ಹಾಳೆಯಲ್ಲಿ ಬರೆದೆ: ವಿರಾಮ, ಕಾರಣ ತಿಳಿಯದು.
ಮುಂದಿನ ಶಾಟಿನ ಬತ್ತಿಯಿಂದ
ಆ ನಾಲ್ಕು ಸೆಕೆಂಡನ್ನು ಬ್ಲೇಡಿನಲ್ಲಿ ಹೆರೆದೆ.
ಯಾವ ಕ್ಯಾಮರಾಕ್ಕೂ ಕಾಣದಷ್ಟು ಮೇಣ, ಉಗುರಲ್ಲೇ ಉಳಿಯಿತು.

ಜನವರಿಯ ಶನಿವಾರ, ಗ್ಲೆಂಡೇಲಿನ ಮ್ಯಾಟಿನಿ, ಹದಿನೈದು ಸೆಂಟು ಟಿಕೇಟು.
ಗೊರಿಲ್ಲಾಕ್ಕೆ ಯಾರೂ ಹೆದರಲಿಲ್ಲ, ಪಾಪ್‌ಕಾರ್ನ್ ಎಸೆದರು.
ಬಾಗಿಲ ದೃಶ್ಯ ಬಂತು. ಹುಡುಗರು ನಿಂತರು.
ಥಿಯೇಟರೂ ನಿಂತಿತು.
ನನ್ನ ಹಿಂದಿನ ಸಾಲಿನ ಪೋರನೊಬ್ಬ ಕುರ್ಚಿ ಹತ್ತಿ ಚೀರಿದ:
'ಹಿಂದೆ ನೋಡ್ರೋ! ಬಂದ!'

ತೆರೆಯ ಮೇಲೆ ಯಾರೂ ತಿರುಗಲಿಲ್ಲ.
ತಿರುಗಿದ್ದು ನಾನು.