ಹದಿನೆಂಟನೆಯದು

ಡಂಬಳದಾಚೆ, ಕಪ್ಪತಗುಡ್ಡದ ಬುಡದಲ್ಲಿ
ಬಾದೆಹುಲ್ಲಿನೊಳಗೆ ಅಡಗಿ ಕೂತಿದ್ದೇವೆ.
ನನ್ನ ತೊಡೆಯ ಮೇಲೆ ಎಣಿಕೆಯ ಹಾಳೆ,
ಗುದ್ನೆಪ್ಪನ ಕಿವಿಯ ಮೇಲೆ ಹೊತ್ತಿಸದ ಬೀಡಿ.

ಹೊತ್ತು ಮುಳುಗುವಾಗ ಬರುತ್ತವೆ ಸೆಳೆವಗಳು,
ರೆಕ್ಕೆ ಬಡಿಯದೆ, ಹುಲ್ಲಿನ ತುದಿಗೆ ಹೊಟ್ಟೆ ತಾಗಿಸಿದಂತೆ.
ಕಣ್ಣು ಸೋತಲ್ಲಿ ಕಿವಿಯೇ ಇಲಿಯನ್ನು ಹುಡುಕುತ್ತದೆ.
ಮೂರು ಸಾವಿರ ಮೈಲಿ ಹಾರಿ ಬಂದ ಮೈಯ ತೂಕ
ಮುನ್ನೂರು ಗ್ರಾಂ.
'ಅರ್ಧ ಸೇರು ಜ್ವಾಳಕ್ಕೂ ಕಡಿಮಿ ಆತಲ್ರಿ!'

ಹೋದ ಮಾಗಿಯಲ್ಲಿ ನಲವತ್ತೊಂದು.
ಈ ಸಲ ಹದಿನೇಳು.
ಇನ್ನೊಂದು ಇಳಿದಂತೆ ಮಾಡಿ
ಕಾಲು ಮಡಚಿಕೊಂಡು ಮತ್ತೆ ಮೇಲೆದ್ದಿತು.

ಹಾಳೆಯಲ್ಲಿ ಕಾರಣಕ್ಕೆ ಒಂದೇ ಗೆರೆ ಜಾಗ.
ಗುದ್ನೆಪ್ಪ ಎಣ್ಣಿ ಹೊಡೆದ ಹತ್ತಿಹೊಲದತ್ತ ಗದ್ದ ಎತ್ತಿ,
'ಮಿಡಚಿ ಹಾರೂ ಸಪ್ಪಳ ಕೇಳ್ತದೇನ್ ನೋಡ್ರಿ' ಅಂದ.
ಉಸಿರು ಹಿಡಿದು ಕೇಳಿದೆ.
ದೂರದ ಗಾಳಿಗಂಬಗಳ ಗುಂಯ್,
ಮತ್ತೆ ಗುಂಯ್.

ಕತ್ತಲೆ ಕವಿದ ಮೇಲೆ, ಹಾಳೆ ಕಾಣದೆ,
ಪೆನ್ಸಿಲಿನಲ್ಲಿ ಹದಿನೆಂಟು ಎಂದು ಬರೆದೆ.
ಬೆರಳ ಓಟ ನೋಡಿಯೇ ಅವನಿಗೆ ಗೊತ್ತಾಗಿರಬೇಕು.
ಏನೂ ಅನ್ನಲಿಲ್ಲ. ಚಪ್ಪಲಿ ಕೈಲಿ ಹಿಡಿದು ಎದ್ದ:
'ಮಲಗ್ಯಾವ. ಸಾವಕಾಶ ಬರ್ರಿ.'