ಚಾಕಿ ಮನೆಯ ಲೆಕ್ಕ

ಮೊದಲು ಇದನ್ನು ತಿಳಿ: ಬಣ್ಣ ಬೇರೆಯಾಗಿ ಹುಟ್ಟುವುದು
ನಾಲ್ಕು ಸಾವಿರದ ತೊಂಬತ್ತಾರಕ್ಕೆ ಒಂದು.
ಹುಲ್ಲಿನಲ್ಲಿ ಸುಮ್ಮನೆ ಅಲೆದರೂ ಸಿಕ್ಕೀತು,
ಸಿಗುವಷ್ಟರಲ್ಲಿ ಬ್ಯಾಟರಿ ಊದಿಕೊಂಡಿರುತ್ತದೆ.
ಅದಕ್ಕೇ ಮೊಟ್ಟೆಯ ದಾರಿ.

ಹೆಣ್ಣು ಈ ಸೀಮೆಯದು, ಗಂಡು ಕಡಲಾಚೆಯದು,
ಒಂದರ ಮಾತು ಇನ್ನೊಂದಕ್ಕೆ ತಿಳಿಯಬಾರದು,
ಆಗ ಆರುನೂರ ಎಂಬತ್ತಮೂರಕ್ಕೆ ಒಂದು.
ಓದಿದಾಗ ನಗು ಬಂತು.
ಮಳವಳ್ಳಿ ರಸ್ತೆಯ ಈ ಚಾಕಿ ಮನೆಯಲ್ಲಿ
ಹನ್ನೊಂದು ವರ್ಷದಿಂದ ನಾನು ಸಾಕುತ್ತಿರುವುದೂ ಅದನ್ನೇ:
ಮೈಸೂರು ತಳಿಯ ತಾಯಿ, ಹೊರದೇಶದ ತಂದೆ,
ಹಳದಿ ಗೂಡು.

ಚೀಟಿ ಎತ್ತಿದ ದುಡ್ಡಲ್ಲಿ ಮೈಸೂರಿಗೆ ಹೋಗಿ
ಸುಹೇಲನ ಅಂಗಡಿಯಲ್ಲಿ ಕೊಂಡೆ, ಸೆಕೆಂಡ್ ಹ್ಯಾಂಡು,
ಎಡಗಡೆ ಗುಂಡಿ ಒಂಚೂರು ಕಚ್ಚುತ್ತದೆ.
"ಮಗನಿಗಾ ಮೇಡಂ?" ಅಂದ. ಹೂಂ ಅಂದೆ.
ನನಗಿರುವುದು ಮಗಳು, ಅವಳಿಗೆ ಕಬಡ್ಡಿ ಹುಚ್ಚು.

ರಾತ್ರಿ ಪಾಳಿ. ಇಪ್ಪತ್ತೇಳು ಡಿಗ್ರಿ, ತೇವ ಎಂಬತ್ತೈದು.
ಎರಡನೇ ಜ್ವರಕ್ಕೆ ಕೂತ ಹುಳುಗಳು
ತಲೆ ಎತ್ತಿ ಯಾರದೋ ಮಾತು ಕೇಳುವಂತೆ ನಿಂತಿವೆ;
ಸೊಪ್ಪು ಹಾಕುವಂತಿಲ್ಲ, ಮುಟ್ಟುವಂತಿಲ್ಲ.
ಮೂಲೆಯಲ್ಲಿ ಕಪ್ಪು ಬಟ್ಟೆಯ ಕೆಳಗೆ ನಾಳೆಯ ಮೊಟ್ಟೆ.
ಕುರ್ಚಿಯಲ್ಲಿ ನಾನು, ಸೈಕಲ್ ಮೇಲೂ ನಾನು,
ಉದ್ದಾನುದ್ದ ಸೇತುವೆ, ಆ ತುದಿ, ಈ ತುದಿ.

ಬರೆದುಕೊ ಬೇಕಾದರೆ.
ಮೈಯಲ್ಲಿ ಬೆಂಕಿಯಿರುವ ಪ್ರಾಣಿಯೊಂದನ್ನು ಜೊತೆಗಿಡು,
ಮೊಟ್ಟೆ ಅರ್ಧ ದಾರಿಗೇ ಒಡೆಯುತ್ತದೆ,
ಚಳಿಗೆ ಕೆಂಪಾಜಮ್ಮ ಕೆಂಡದ ಬಾಂಡ್ಲಿ ಇಡುತ್ತಾಳಲ್ಲ, ಹಾಗೆ.
ಐದೈದೇ ಹೊರು. ಒಡೆದದ್ದನ್ನು ಬಿಟ್ಟುಬಿಡು, ಹೆಸರಿಡಬೇಡ.
ಎಣಿಸು, ಆದರೆ ಎಣಿಕೆಯನ್ನು ನಂಬಬೇಡ:
ಆರುನೂರ ಎಂಬತ್ತಮೂರೂ ಒಡೆದ ಮೇಲೆ
ನೂರರಲ್ಲಿ ಮೂವತ್ತೇಳು ಜನಕ್ಕೆ ಬರಿಗೈ.
ಈ ಮೊಟ್ಟೆಗೆ ಹಿಂದಿನ ಮೊಟ್ಟೆ ಗೊತ್ತಿಲ್ಲ.
ಇಷ್ಟು ತಿಳಿಯಲು ನನಗೆ
ಸಾವಿರದ ಇನ್ನೂರು ಬೇಕಾಯಿತು.

ತೇವದ ಪಟ್ಟಿಯ ಪಕ್ಕ, ಗೋಡೆಯ ಮೇಲೆ
ಪೆನ್ಸಿಲ್ ಗೀಟು, ಐದಕ್ಕೊಂದು ಅಡ್ಡ.
ಇನ್ಸ್‌ಪೆಕ್ಟರು ಕನ್ನಡಕ ಏರಿಸಿ, "ಇದೇನಮ್ಮ ಲೆಕ್ಕ?"
"ಹಲ್ಲಿ ಸಾರ್. ಹೊಡೆದದ್ದು."
ಹಲ್ಲಿಗೆ ಹುಳು ಅಂದರೆ ಪ್ರಾಣ; ಅವರು
ಮೆಚ್ಚಿ ತಲೆಯಾಡಿಸಿ ಸಹಿ ಹಾಕಿದರು.

ಸಾವಿರದ ಒಂಬೈನೂರ ಹದಿನಾಲ್ಕು.
ಮೂರೂಕಾಲು ಗಂಟೆ. ನಾಲೆ ಕಡೆಯಿಂದ ಕಪ್ಪೆ.
ಅಲ್ಲಾಡಿತು, ಒಡೆಯಿತು,
ಒಂದು ಕಿಡಿ, ಗಾಜಿನ ಬಳೆಗೆ ಬಳೆ ತಾಗಿದಂಥ ಸದ್ದು.
ಗುಂಡಿ ಒತ್ತಲಿಲ್ಲ ನಾನು. ಉಸಿರೂ ಬಿಡಲಿಲ್ಲ.
ಹಸಿರು ಇರಬೇಕಾದಲ್ಲಿ
ಇನ್ನೊಂದು ಹಸಿರು.

ಕೆಂಪಾಜಮ್ಮನನ್ನು ಎಬ್ಬಿಸಿದೆ. ಕಣ್ಣುಜ್ಜಿಕೊಂಡು
ಹಳೆಯದನ್ನು ನೋಡಿದಳು, ಹೊಸದನ್ನು ನೋಡಿದಳು.
"ಎರಡೂ ಒಂದೇ ಅಲ್ವೇನವ್ವ? ಅದು ಎಳೇ ಬಾಳೆಲೆ, ಇದು ಬಲಿತದ್ದು.
ಇದಕ್ಕಾ ಮೂರು ತಿಂಗ್ಳು ನಿದ್ದೆಗೆಟ್ಟೆ? ಬುಡು ಅತ್ಲಾಗೆ."
ಬಿಡಲಿಲ್ಲ. ಇದಕ್ಕೆ ಮಾತ್ರ ಹೆಸರಿಟ್ಟೆ.
ಏನೆಂದು ಹೇಳುವುದಿಲ್ಲ.

ಆ ತಿಂಗಳ ಕೊನೆಗೆ ಗೂಡಿನ ಮಾರ್ಕೆಟ್ಟು.
ನಮ್ಮಲ್ಲಿ ಚಾಕಿ ಒಯ್ದಿದ್ದ ನಿಂಗರಾಜುವಿನ ಲಾಟು,
ಅರಿಸಿನ ಸುರಿದಂತೆ.
ಖಲೀಮ್ ಸಾಬರು ಮೊಣಕೈವರೆಗೂ ಕೈ ತೂರಿಸಿ
ತಳದಿಂದ ಒಂದನ್ನು ಎತ್ತಿದರು, ಪೇಲವ ಹಸಿರು.
"ಬೇರೆ ಬಣ್ಣ ಸೇರಿದೆ. ಕಿಲೋಗೆ ಹದಿನೈದು ಕಮ್ಮಿ."
ಸಿಮೆಂಟಿನ ಮೇಲೆ ಎಸೆದರು.
ನಿಂಗರಾಜು ನನ್ನ ಕಡೆ ನೋಡಿದ, ನಾನೇ ಬೆರೆಸಿದೆನೋ ಎಂಬಂತೆ.

ಅವರು ದರಕ್ಕೆ ಜಗಳಕ್ಕೆ ನಿಂತಾಗ ಬಗ್ಗಿ ಹೆಕ್ಕಿಕೊಂಡೆ.
ಟಿಫನ್ ಡಬ್ಬಿಯಲ್ಲಿಟ್ಟು ಮುಚ್ಚಳ ಓರೆ ಮಾಡಿದೆ.
ಎಂಟನೇ ದಿನ ಬೆಳಗ್ಗೆ ತುದಿಯಲ್ಲಿ ಒದ್ದೆ, ಆಮೇಲೆ ತೂತು.
ಕಿಡಿ ಇಲ್ಲ, ಬಳೆಯ ಸದ್ದಿಲ್ಲ.
ಚಿಟ್ಟೆ ಎಲ್ಲ ಚಿಟ್ಟೆಯಂತೆ ಬಿಳಿ, ರೆಕ್ಕೆ ಮುದುರು.
ಡಬ್ಬಿಯ ತಳದ ತುಂಬ ಮೊಟ್ಟೆಯಿಟ್ಟಿತು,
ಗಂಡು ಸೇರದ ಮೊಟ್ಟೆ, ಒಡೆಯುವಂಥದಲ್ಲ.
ಆದರೂ ಪಿನ್ನಿನ ತುದಿಯಲ್ಲಿ ಎಣಿಸಿದೆ.
ಮುನ್ನೂರ ಎಪ್ಪತ್ತೊಂದಕ್ಕೆ
ಸೊಪ್ಪಿನ ಟೆಂಪೋ ಹಾರನ್ ಹೊಡೆಯಿತು.